ನೆಲಮಾಳಿಗೆಯ ಜಾಂಬಿಯೆ

ಫ್ರಾನ್ಸಿನ ಹಾಸ್ಯನಟ ಲೂಯಿ ದ ಫ್ಯೂನೆಸ್ ಜರ್ಮನರ ವಶದಲ್ಲಿದ್ದ ಪ್ಯಾರಿಸ್ಸಿನ ಬಾರುಗಳಲ್ಲಿ ಪಿಯಾನೊ ನುಡಿಸಿ ಹೊಟ್ಟೆ ಹೊರೆದವನು. ಸಿನಿಮಾಕ್ಕೆ ಬಂದ ಮೇಲೂ ಸುಮಾರು ಇಪ್ಪತ್ತು ವರ್ಷ ಸಣ್ಣಪುಟ್ಟ ಪಾತ್ರಗಳೇ. ತಾರೆಯಾದದ್ದು 1964ರಲ್ಲಿ, ಐವತ್ತು ತುಂಬಿದಾಗ.

ಆ ಯುದ್ಧಕಾಲದ ಕತೆಯಿರುವ ಅವನ ಎರಡು ಚಿತ್ರಗಳು ನನ್ನನ್ನು ಕಾಡುತ್ತವೆ. ಎರಡರಲ್ಲೂ ಬೂರ್ವಿಲ್ ಜೊತೆಗಿದ್ದಾನೆ. 1956ರ ‘ಲಾ ತ್ರಾವೆರ್ಸೆ ದ ಪಾರಿ’ಯಲ್ಲಿ ಫ್ಯೂನೆಸ್ ಕಾಳಸಂತೆಯ ದಿನಸಿ ವ್ಯಾಪಾರಿ ಜಾಂಬಿಯೆ. ನೆಲಮಾಳಿಗೆಯಲ್ಲಿ ಹಂದಿ ಕೊಯ್ಯುವಾಗ ಅದರ ಕಿರುಚಾಟ ಹೊರಗೆ ಕೇಳದಿರಲೆಂದು ಬೂರ್ವಿಲ್ ಅಕಾರ್ಡಿಯನ್ ನುಡಿಸುತ್ತಾನೆ. ಮಾಂಸ ಸಾಗಿಸಲು ಬಂದ ಜಾಂ ಗಾಬಾಂ, ‘ಜಾಂಬಿಯೆ!’ ಎಂದು ಹೆಸರು ಹಿಡಿದು ಅರಚಿ ಅರಚಿಯೇ ಕೂಲಿ ಏರಿಸಿಕೊಳ್ಳುತ್ತಾನೆ. ನಗು ಬರುತ್ತದೆ, ಹಸಿದ ಊರಲ್ಲಿ ಕೊಬ್ಬಿದವರು ಯಾರೆಂಬುದೂ ಕಾಣುತ್ತದೆ.

1966ರ ‘ಲಾ ಗ್ರಾಂದ್ ವಾದ್ರುಯ್’ನಲ್ಲಿ ಅವನು ಒಪೆರಾದ ವಾದ್ಯವೃಂದ ನಡೆಸುವವನು, ಬೂರ್ವಿಲ್ ಬಣ್ಣ ಬಳಿಯುವವನು. ಬೇಡಬೇಡವೆನ್ನುತ್ತಲೇ ಇಬ್ಬರೂ ಬ್ರಿಟಿಷ್ ವೈಮಾನಿಕರನ್ನು ಪಾರುಮಾಡಲು ಹೊರಡುತ್ತಾರೆ. ಪಿಯಾನೊ ದಿನಗಳ ಲಯ ಫ್ಯೂನೆಸ್‌ನ ಮೈಯಲ್ಲೆಲ್ಲ ಇದೆ. 1.7 ಕೋಟಿಗೂ ಮಿಕ್ಕಿ ಟಿಕೆಟ್ ಮಾರಾಟವಾದವು; 2008ರವರೆಗೆ ಯಾವ ಫ್ರೆಂಚ್ ಚಿತ್ರವೂ ಫ್ರಾನ್ಸಿನಲ್ಲಿ ಅದನ್ನು ಮೀರಲಿಲ್ಲ. ಆದರೆ ಜಾಂಬಿಯೆಯಂಥವನು ಇಲ್ಲಿಲ್ಲ. ದಾರಿಯಲ್ಲಿ ಸಿಗುವ ಕ್ರೈಸ್ತ ಸನ್ಯಾಸಿನಿ, ಹೋಟೆಲಿನ ಒಡತಿ, ಎಲ್ಲರೂ ನೆರವಿಗೆ ನಿಲ್ಲುವವರೇ. ಯುದ್ಧ ಮುಗಿದು ಇಪ್ಪತ್ತೊಂದು ವರ್ಷವಾಗಿತ್ತು. ತಮ್ಮ ಬಗ್ಗೆ ಹೀಗೆ ನೆನೆಯುವುದೇ ಜನರಿಗೆ ಹಿತವಾಗಿತ್ತೆಂದು ಕಾಣುತ್ತದೆ.