ತಗಡಿನ ಗಿಟಾರೂ ಸಿನಿಮಾದ ಹಿನ್ನೆಲೆ ಸಂಗೀತವೂ

ಮೈಕ ಇಲ್ಲದ ಕಾಲದ ಬಯಲಾಟದ ಬಗ್ಗೆ ನಮ್ಮ ಹಿರಿಯರು ಹೇಳುವುದನ್ನು ನೀವೆಲ್ಲ ಕೇಳಿದ್ದೀರಿ. ಕೊಯ್ಲಾದ ಗದ್ದೆಯಲ್ಲಿ ರಂಗಸ್ಥಳ. ದೂರದ ಹುಣಿಯ ಮೇಲೆ ಕೂತವನಿಗೂ ಪದ ಕೇಳಬೇಕು. ಚೆಂಡೆಗೆ ಆ ಚಿಂತೆ ಇಲ್ಲ, ಗುಡ್ಡೆಯಾಚೆಗೂ ಅದು ಕೇಳುತ್ತದೆ. ಕಷ್ಟ ಇದ್ದದ್ದು ಭಾಗವತರಿಗೆ. ಅದಕ್ಕೇ ಅವರು ಏರು ಶ್ರುತಿ ಹಿಡಿದು ಹಾಡುತ್ತಿದ್ದರು. ಪಾರ್ತಿಸುಬ್ಬನ ಕುಂಬಳೆ ಸೀಮೆಯವರಾದ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ನಾನಿಲ್ಲಿ ಹೇಳಹೊರಟದ್ದು ಅಮೆರಿಕದ ಒಂದು ವಾದ್ಯದ ಕಥೆ. ಅದು ಹುಟ್ಟಿದ್ದೂ ಇದೇ ಕಷ್ಟದಿಂದ ಎಂಬ ಕಾರಣಕ್ಕೆ ನಮ್ಮ ಊರಿನಿಂದಲೇ ಮಾತು ಸುರುಮಾಡಿದೆ.

1920ರ ದಶಕದಲ್ಲಿ ಅಮೆರಿಕದ ನಾಟಕಶಾಲೆಗಳಲ್ಲಿ, ನೃತ್ಯದ ಸಭಾಂಗಣಗಳಲ್ಲಿ ಹಿತ್ತಾಳೆಯ ಕಹಳೆಗಳದ್ದೇ ಅಬ್ಬರ. ಅದರ ನಡುವೆ ಮರದ ಗಿಟಾರು ಮೀಟಿದರೆ ಪಕ್ಕದವನಿಗೂ ಕೇಳುತ್ತಿರಲಿಲ್ಲ. ಲಾಸ್ ಏಂಜಲೀಸಿನಲ್ಲಿ ಜಾರ್ಜ್ ಬೋಶಾಂ ಎಂಬ ವಾದಕ ಇದಕ್ಕೆ ಏನಾದರೂ ಉಪಾಯ ಮಾಡಿಕೊಡಬೇಕೆಂದು ಜಾನ್ ಡೋಪ್ಯೆರಾ ಎಂಬವರನ್ನು ಕೇಳಿದ. ಡೋಪ್ಯೆರಾ ಸ್ಲೊವಾಕ್ ಮೂಲದವರು, ಪಿಟೀಲು ರಿಪೇರಿಯವರು. ಅವರು ಗಿಟಾರಿನ ಹೊಟ್ಟೆಯೊಳಗೆ ತೆಳು ಅಲ್ಯುಮಿನಿಯಂ ತಗಡಿನ ಮೂರು ಕೋನುಗಳನ್ನು ಇಟ್ಟರು. ಕೋನು ಎಂದರೆ ನಮ್ಮ ಸ್ಪೀಕರಿನ ಒಳಗೆ ಕಾಗದದ್ದು ಇರುತ್ತದಲ್ಲ, ಅದೇ ಆಕಾರ. ತಂತಿ ಅದುರಿದರೆ ಕುದುರೆ ಅದುರುತ್ತದೆ, ಕುದುರೆ ಅದುರಿದರೆ ತಗಡು ಅದುರುತ್ತದೆ, ಶಬ್ದ ದೊಡ್ಡದಾಗುತ್ತದೆ. ಕರೆಂಟು ಬೇಡ. ಇದು 1927ರ ಸುಮಾರಿಗೆ ‘ನ್ಯಾಷನಲ್’ ಎಂಬ ಹೆಸರಿನಲ್ಲಿ ಮಾರಾಟಕ್ಕೆ ಬಂತು. ಮರುವರ್ಷ ಡೋಪ್ಯೆರಾ ಆ ಕಂಪೆನಿ ಬಿಟ್ಟು ತಮ್ಮಂದಿರ ಜತೆ ಒಂದೇ ಕೋನಿನ ಇನ್ನೊಂದು ಬಗೆ ಮಾಡಿದರು. ಅದರ ಹೆಸರು ‘ಡೋಬ್ರೊ’. ಡೋಪ್ಯೆರಾ ಬ್ರದರ್ಸ್ ಎಂಬುದರ ಮೊದಲ ಅಕ್ಷರಗಳು ಸೇರಿ ಆದದ್ದು. ಅವರ ಭಾಷೆಯಲ್ಲಿ ‘ಒಳ್ಳೆಯದು’ ಎಂಬ ಅರ್ಥವೂ ಉಂಟು. ಈ ಜಾತಿಯ ಎಲ್ಲ ವಾದ್ಯಗಳಿಗೂ ರೆಸೊನೇಟರ್ ಗಿಟಾರ್ ಎಂದು ಹೆಸರು.

ತಂತಿಯ ನಾದವನ್ನು ದೊಡ್ಡದು ಮಾಡಲು ಬೇರೊಂದು ಪಾತ್ರೆ ಜೋಡಿಸುವುದು ನಮಗೆ ಹೊಸತಲ್ಲ. ವೀಣೆಗೂ ತಂಬೂರಿಗೂ ಸೋರೆಬುರುಡೆ ಇರುವುದು ಅದಕ್ಕೇ. ಅವರು ಬುರುಡೆಯ ಬದಲು ತಗಡು ಹಾಕಿದರು, ಅಷ್ಟೆ.

ಈ ಗಿಟಾರನ್ನು ಬಹಳ ಮಂದಿ ಬೆರಳಿನಿಂದ ಒತ್ತಿ ನುಡಿಸುವುದಿಲ್ಲ. ತೊಡೆಯ ಮೇಲೆ ಅಡ್ಡ ಮಲಗಿಸಿ, ತಂತಿಯ ಮೇಲೆ ಉಕ್ಕಿನ ತುಂಡೊಂದನ್ನು ಜಾರಿಸುತ್ತಾರೆ. ಈ ಕ್ರಮ ಹವಾಯಿ ದ್ವೀಪದ್ದು. 1889ರ ಸುಮಾರಿಗೆ ಜೋಸೆಫ್ ಕೆಕುಕು ಎಂಬ ಶಾಲಾ ಹುಡುಗ ಇದನ್ನು ಕಂಡುಹಿಡಿದ ಎಂದು ಅಲ್ಲಿಯವರು ಹೇಳುತ್ತಾರೆ. ನಮ್ಮಲ್ಲಿಯೂ ಗೋಟುವಾದ್ಯ ಇತ್ತು, ಅದಕ್ಕೆ ಮೆಟ್ಟಿಲುಗಳಿಲ್ಲ, ಮರದ ತುಂಡು ಜಾರಿಸಿ ನುಡಿಸುವುದು. ಉತ್ತರದ ವಿಚಿತ್ರವೀಣೆಯೂ ಹಾಗೆಯೇ. ಕರ್ನಾಟಕ ಸಂಗೀತ ಕಲಿಯುವ ಮಕ್ಕಳನ್ನು ಕೇಳಿ, ಗಮಕಗಳಲ್ಲಿ ಒಂದರ ಹೆಸರೇ ‘ಜಾರು’. ಹಾಗಾಗಿ ಹವಾಯಿಯ ವಾದಕರು ಹಡಗು ಹತ್ತಿ ಇಲ್ಲಿಗೆ ಬಂದಾಗ ನಮ್ಮವರಿಗೆ ಅದು ಪರದೇಶದ ಸ್ವರ ಅನ್ನಿಸಲಿಲ್ಲ. ಟಾವು ಮೋ ಎಂಬ ಕಲಾವಿದ ತಮ್ಮ ಕುಟುಂಬದೊಡನೆ 1940ರ ದಶಕದಲ್ಲಿ ಕಲ್ಕತ್ತೆಯಲ್ಲಿ ವರ್ಷಗಟ್ಟಲೆ ಇದ್ದರು. ಆ ಪಟ್ಟಣದಲ್ಲಿ ಹವಾಯಿಯನ್ ಗಿಟಾರು ಮನೆಮನೆಯ ವಾದ್ಯವಾಯಿತು.

ಇನ್ನು ಸಿನಿಮಾ. ಇಲ್ಲೊಂದು ಸ್ವಾರಸ್ಯ ಉಂಟು. ಜೋರು ಶಬ್ದ ಬೇಕೆಂದು ಮೊದಲು ಕೇಳಿದ ಅದೇ ಬೋಶಾಂ 1930ರ ದಶಕದ ಆರಂಭದಲ್ಲಿ ವಿದ್ಯುತ್ ಗಿಟಾರನ್ನೂ ಮಾಡಿಸಿದ. ಬಾಣಲೆಯ ಹಾಗಿದ್ದ ಕಾರಣ ಅದಕ್ಕೆ ‘ಫ್ರೈಯಿಂಗ್ ಪ್ಯಾನ್’ ಎಂದೇ ಅಡ್ಡಹೆಸರು. ತಂತಿಗೆ ಕರೆಂಟಿನ ಬಲ ಸಿಕ್ಕಿದ ಮೇಲೆ ತಗಡಿನ ಕೋನು ಯಾರಿಗೆ ಬೇಕು? ನಮ್ಮ ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನ’ ಬಂದದ್ದು 1934ರಲ್ಲಿ. ಹಿನ್ನೆಲೆ ಗಾಯನದ ಪದ್ಧತಿ ಕಲ್ಕತ್ತೆಯಲ್ಲಿ ಸುರುವಾದದ್ದು 1935ರಲ್ಲಿ. ಅಂದರೆ ನಮ್ಮ ಸಿನಿಮಾ ಸಂಗೀತ ಕಣ್ಣುಬಿಡುವ ಹೊತ್ತಿಗೇ ಮೈಕವೂ ವಿದ್ಯುತ್ ಗಿಟಾರೂ ಬಂದಾಗಿತ್ತು. ಭಾರತದ ಚಿತ್ರಗಳಲ್ಲಿ ಜಾರುವ ಸ್ವರ ಧಾರಾಳ ಇದ್ದರೂ ಅದು ಹೆಚ್ಚಾಗಿ ವಿದ್ಯುತ್ತಿನ ಹವಾಯಿಯನ್ ಗಿಟಾರಿನದ್ದು, ತಗಡಿನದ್ದಲ್ಲ. ಹಿಂದಿಯಲ್ಲಿ ವಾನ್ ಶಿಪ್ಲಿಯವರ ಹೆಸರು ಹಳಬರಿಗೆ ನೆನಪಿದ್ದೀತು.

ಹಾಗಾದರೆ ತಗಡಿನ ಗಿಟಾರು ಮೂಲೆ ಸೇರಿತೋ? ಇಲ್ಲ. ಹಳತಾದದ್ದೇ ಅದಕ್ಕೆ ಉಪಕಾರವಾಯಿತು. ಅದರ ಸ್ವರ ಕೇಳಿದ ಕೂಡಲೇ ಧೂಳು, ಬಡತನ, ಉದ್ದದ ಮಾರ್ಗ, ಹಳೆಯ ಕಾಲ ಎಲ್ಲ ಮನಸ್ಸಿಗೆ ಬರುತ್ತದೆ. ನಿರ್ದೇಶಕರಿಗೆ ಬೇಕಾದದ್ದು ಅದೇ. 2000ದಲ್ಲಿ ಬಂದ ‘ಓ ಬ್ರದರ್, ವೇರ್ ಆರ್ಟ್ ದೌ?’ ಎಂಬ ಚಿತ್ರ 1930ರ ದಶಕದ ಮಿಸಿಸಿಪ್ಪಿಯಲ್ಲಿ ಜೈಲಿನಿಂದ ತಪ್ಪಿಸಿಕೊಂಡ ಮೂವರ ಕಥೆ. ಅದರ ಸಂಗೀತದಲ್ಲಿ ಜೆರ್ರಿ ಡಗ್ಲಸ್ ಅವರ ಡೋಬ್ರೊ ಉಂಟು. ಆ ಹಾಡುಗಳ ಸಂಪುಟಕ್ಕೆ 2002ರಲ್ಲಿ ವರ್ಷದ ಅತ್ಯುತ್ತಮ ಆಲ್ಬಂ ಎಂದು ಗ್ರ್ಯಾಮಿ ಪ್ರಶಸ್ತಿ ಬಂತು.

ಆದರೆ ಜಾರುವ ಗಿಟಾರಿಗೆ ಸಿನಿಮಾದಲ್ಲಿ ದೊಡ್ಡ ಸ್ಥಾನ ಕೊಟ್ಟ ಚಿತ್ರ ಯಾವುದೆಂದು ಕೇಳಿದರೆ ನಾನು ‘ಪ್ಯಾರಿಸ್, ಟೆಕ್ಸಸ್’ ಎನ್ನುತ್ತೇನೆ. ವಿಮ್ ವೆಂಡರ್ಸ್ ಅದರ ನಿರ್ದೇಶಕರು, ರೈ ಕೂಡರ್ ಸಂಗೀತ. 1984ರ ಮೇ ತಿಂಗಳಲ್ಲಿ ಕಾನ್ ಚಿತ್ರೋತ್ಸವದ ದೊಡ್ಡ ಪ್ರಶಸ್ತಿ ಅದಕ್ಕೆ ಸಿಕ್ಕಿತು. ಅದೇ ವಾರ, ಮೇ 24ರಂದು, ನಮ್ಮ ಕಾಸರಗೋಡು ಜಿಲ್ಲೆಯಾಯಿತು. ಎರಡಕ್ಕೂ ಸಂಬಂಧ ಇಲ್ಲ, ನೆನಪಿಟ್ಟುಕೊಳ್ಳಲು ಅನುಕೂಲ ಅಂತ ಹೇಳಿದೆ. ಆ ಚಿತ್ರದಲ್ಲಿ ಮೊದಲಿಗೆ ಒಬ್ಬ ಮನುಷ್ಯ ಮರುಭೂಮಿಯಲ್ಲಿ ನಡೆಯುತ್ತಾನೆ. ಬಹಳ ಹೊತ್ತು ಒಂದು ಮಾತೂ ಆಡುವುದಿಲ್ಲ. ಅವನ ಬದಲು ಗಿಟಾರು ಮಾತಾಡುತ್ತದೆ. ಒಂದು ಸ್ವರ ಜಾರುತ್ತದೆ, ನಿಲ್ಲುತ್ತದೆ, ಮತ್ತೆ ಮೌನ. ಬೇಕಲ ಕೋಟೆಯಲ್ಲಿ ‘ಬಾಂಬೆ’ ಚಿತ್ರದ ಹಾಡು ತೆಗೆದದ್ದನ್ನು ನಾವೆಲ್ಲ ಹೆಮ್ಮೆಯಿಂದ ಹೇಳುತ್ತೇವೆ. ಕಡಲು, ಮಳೆ, ಕಲ್ಲು ದಿನಾ ಇರುವಂಥದ್ದೇ. ಹಾಡು ಸೇರಿದ ಮೇಲೆ ಅದು ಒಬ್ಬನ ಸಂಕಟವಾಯಿತು. ಅಲ್ಲಿಯ ಮರಳಿಗೂ ಆ ಗಿಟಾರು ಮಾಡಿದ್ದು ಇದನ್ನೇ. ಗದ್ದಲವನ್ನು ಗೆಲ್ಲಲೆಂದು ಒಂದು ಕಾಲದಲ್ಲಿ ಉಕ್ಕಿನ ತುಂಡನ್ನೂ ತಗಡನ್ನೂ ಸೇರಿಸಿದರು. ಕೊನೆಗೆ ಆ ಜಾರುಸ್ವರ ಹೆಚ್ಚು ಉಪಯೋಗಕ್ಕೆ ಬಂದದ್ದು ಮೌನವನ್ನು ಕೇಳಿಸುವುದಕ್ಕೆ.

ಆ ಸಂಗೀತದ ಬೇರು ಇನ್ನೂ ಹಿಂದೆ ಉಂಟು. ಬ್ಲೈಂಡ್ ವಿಲ್ಲಿ ಜಾನ್ಸನ್ ಎಂಬ ಟೆಕ್ಸಸಿನ ಕರಿಯ ಗಾಯಕ, ಕಣ್ಣು ಕಾಣದವರು, ಬೀದಿಯಲ್ಲಿ ಭಕ್ತಿಗೀತೆ ಹಾಡಿ ಬದುಕುತ್ತಿದ್ದವರು. 1927ರ ಡಿಸೆಂಬರಿನಲ್ಲಿ ಅವರು ಒಂದು ಪ್ಲೇಟು ಕೊಟ್ಟರು. ಅದರಲ್ಲಿ ಶಬ್ದವೇ ಇಲ್ಲ, ಬರೀ ಗುನುಗು ಮತ್ತು ಜಾರುವ ಗಿಟಾರು. ಕೂಡರ್ ತಮ್ಮ ಚಿತ್ರಸಂಗೀತವನ್ನು ಕಟ್ಟಿದ್ದು ಅದರ ಮೇಲೆ. ಜಾನ್ಸನ್ ಅದನ್ನು ನೋಡಲಿಲ್ಲ. ಅವರ ಮನೆ ಸುಟ್ಟುಹೋಗಿ, ಆ ಅವಶೇಷದಲ್ಲೇ ಇದ್ದು, 1945ರಲ್ಲಿ ಬಡತನದಲ್ಲಿ ತೀರಿಹೋದರು. 1977ರಲ್ಲಿ ವೊಯೇಜರ್ ನೌಕೆಗಳಲ್ಲಿ ಭೂಮಿಯ ಧ್ವನಿಗಳ ಚಿನ್ನದ ತಟ್ಟೆ ಕಳಿಸಿದಾಗ ಅವರ ಆ ಪ್ಲೇಟನ್ನೂ ಸೇರಿಸಿದರು. ಅದೇ ತಟ್ಟೆಯಲ್ಲಿ ಗೋವೆಯ ಕೇರಿ ಎಂಬ ಊರಿನಲ್ಲಿ ಹುಟ್ಟಿದ ಕೇಸರಬಾಯಿ ಕೇರ್ಕರ್ ಅವರ ಹಾಡೂ ಉಂಟು. ನಮ್ಮ ಪಡುವಣ ಕರಾವಳಿಯ ಆ ಧ್ವನಿಯೂ ಟೆಕ್ಸಸಿನ ಆ ಗಿಟಾರೂ ಈಗ ನಕ್ಷತ್ರಗಳ ದಾರಿಯಲ್ಲಿ ಒಟ್ಟಿಗೆ ಹೋಗುತ್ತಿವೆ.

ರೈ ಕೂಡರ್ ಮುಂದೆ ಜೈಪುರದ ವಿಶ್ವಮೋಹನ ಭಟ್ಟರೊಡನೆ ನುಡಿಸಿದರು. ಭಟ್ಟರು ಗಿಟಾರಿಗೆ ತರಬಿನ ತಂತಿಗಳನ್ನು ಸೇರಿಸಿ ‘ಮೋಹನವೀಣೆ’ ಮಾಡಿದವರು. ಇಬ್ಬರ ‘ಎ ಮೀಟಿಂಗ್ ಬೈ ದ ರಿವರ್’ 1993ರಲ್ಲಿ ಬಂತು, ಗ್ರ್ಯಾಮಿ ಪಡೆಯಿತು. ಹವಾಯಿಯಿಂದ ಹೊರಟ ಸ್ವರಕ್ಕೆ ಇಲ್ಲಿ ಮತ್ತೊಂದು ಮನೆ ಸಿಕ್ಕಿತು.

ಈ ಚರಿತ್ರೆಯಲ್ಲಿ ಹೆಸರು ಉಳಿದವರು ಕೆಲವರೇ. ನಾನು ಸಣ್ಣವನಿದ್ದಾಗ ರೇಡಿಯೊದಲ್ಲಿ ಎರಡು ನಿಮಿಷ ಉಳಿದರೆ ಗಿಟಾರಿನಲ್ಲಿ ಸಿನಿಮಾ ಹಾಡು ಹಾಕುತ್ತಿದ್ದರು. ಹಾಡು ಯಾವುದೆಂದು ಎಲ್ಲರಿಗೂ ಗೊತ್ತು, ನುಡಿಸಿದ್ದು ಯಾರೆಂದು ಯಾರಿಗೂ ಗೊತ್ತಿಲ್ಲ. ಮದ್ರಾಸಿನಲ್ಲಿ ಧ್ವನಿಮುದ್ರಣವಾದ ಎಷ್ಟೋ ಕನ್ನಡ ಚಿತ್ರಗಳಲ್ಲಿ ಸಂಗೀತ ನಿರ್ದೇಶಕರ ಹೆಸರು ದೊಡ್ಡದಾಗಿ ಬರುತ್ತದೆ. ಹಿಂದೆ ಕೂತ ಪಿಟೀಲಿನವರು, ಗಿಟಾರಿನವರು ದಿನದ ಸಂಬಳ ತಗೊಂಡು ಮನೆಗೆ ಹೋದರು. ನಮ್ಮಲ್ಲಿ ಆಟದ ಮರುದಿನ ಭಾಗವತರು ಯಾರು, ಚೆಂಡೆಗೆ ಯಾರು, ಮದ್ದಳೆಗೆ ಯಾರು ಎಂದು ಕೇಳುವ ಕ್ರಮ ಉಂಟು. ಸಿನಿಮಾಕ್ಕೂ ಅದೇ ಪ್ರಶ್ನೆ ಕೇಳಬಹುದು. ಹಳೆಯ ಪ್ಲೇಟು ಯಾರ ಅಟ್ಟದಲ್ಲಾದರೂ ಇದ್ದರೆ ಗುಜರಿಗೆ ಹಾಕುವ ಮೊದಲು ನಡುವಿನ ಕಾಗದದಲ್ಲಿ ವಾದಕರ ಹೆಸರು ಉಂಟೋ ನೋಡಿ, ವಾಚನಾಲಯದ ಪುಸ್ತಕದಲ್ಲಿ ಬರೆಸಿ. ಮಾಸ್ತರರು, ಟೀಚರುಗಳು ಮಕ್ಕಳಿಗೆ ಸಿನಿಮಾ ತೋರಿಸುವಾಗ ಕೊನೆಯ ಹೆಸರುಗಳು ಹೋಗುವವರೆಗೆ ಟಿ.ವಿ. ಆರಿಸದಿದ್ದರೆ ಸಾಕು, ಅಷ್ಟು ಹೆಸರು ಮಕ್ಕಳ ಕಣ್ಣಿಗೆ ಬೀಳುತ್ತದೆ.