ಬಾಯಿಮಾತಿನ ಕರಾರು: ನಂಜನಗೂಡು–ತಿರುಮಕೂಡಲು ಸೀಮೆಯ ಗುತ್ತಿಗೆ ವ್ಯಾಜ್ಯಗಳ ಜಾನಪದ ಹಿನ್ನೆಲೆ

ಕಪಿಲೆಯ ದಂಡೆಯಲ್ಲಿ ನಂಜನಗೂಡು ಇದೆ. ಅದೇ ಕಪಿಲೆ ಕಾವೇರಿಯನ್ನು ಕೂಡುವಲ್ಲಿ ತಿರುಮಕೂಡಲು ನರಸೀಪುರವಿದೆ. ದೇವಾಲಯ, ಸೇತುವೆ, ನಾಲೆಗಳಿಂದ ಹಿಡಿದು ಇಂದಿನ ಕೈಗಾರಿಕಾ ಪ್ರದೇಶದವರೆಗೆ ಈ ಸೀಮೆಯಲ್ಲಿ ಕಟ್ಟುವ ಕೆಲಸ ನಡೆಯುತ್ತಲೇ ಬಂದಿದೆ. ಕಟ್ಟಿಸಿದವರ ಹೆಸರನ್ನು ಚರಿತ್ರೆ ದಾಖಲಿಸಿದಷ್ಟು ಕಟ್ಟಿದವರಿಗೆ ಸಂದ ಹಣದ ಲೆಕ್ಕವನ್ನು ದಾಖಲಿಸಿಲ್ಲ. ನರಸೀಪುರ ತಾಲ್ಲೂಕಿನ ಸೋಮನಾಥಪುರದಲ್ಲಿ, 13ನೆಯ ಶತಮಾನದ ಕೇಶವ ದೇವಾಲಯದ ಶಿಲ್ಪಗಳ ಕೆಳಗೆ ಮಲ್ಲಿತಮ್ಮ ಮೊದಲಾದ ರೂವಾರಿಗಳು ತಮ್ಮ ಹೆಸರನ್ನು ಕೊರೆದಿರುವುದು ಈ ದೃಷ್ಟಿಯಿಂದ ಗಮನಾರ್ಹ. ಕೆಲಸ ಯಾರದೆಂಬುದಕ್ಕೆ ಅದು ಲಿಖಿತ ಸಾಕ್ಷ್ಯ.

ನರಸೀಪುರದ ಗುಂಜಾ ನರಸಿಂಹಸ್ವಾಮಿಯ ಸ್ಥಳೀಯ ಐತಿಹ್ಯವನ್ನೂ ಇಲ್ಲಿ ನೆನೆಯಬಹುದು. ಗುಡಿ ಕಟ್ಟಿಸೆಂದು ದೇವರು ಅಗಸನೊಬ್ಬನ ಕನಸಿನಲ್ಲಿ ಹೇಳುತ್ತಾನೆ. ತನ್ನಲ್ಲಿ ಹಣವಿಲ್ಲವೆಂದು ಅಗಸ ಹೇಳಿದಾಗ ಬಟ್ಟೆ ಒಗೆಯುವ ಕಲ್ಲಿನ ಕೆಳಗೆ ನೋಡೆನ್ನುತ್ತಾನೆ. ಭಕ್ತಿಯ ಕಥೆಯಾಗಿ ಪ್ರಸಿದ್ಧವಾದ ಇದರೊಳಗೆ ಶ್ರಮಿಕರ ನ್ಯಾಯವೊಂದು ಅಡಗಿದೆ: ಕೆಲಸ ಹೇಳಿದವನು ಹಣದ ದಾರಿಯನ್ನೂ ಮೊದಲೇ ತೋರಿಸಬೇಕು.

ಬಾಯಿಮಾತಿನ ಕರಾರಿಗೆ ಜನಪದರಲ್ಲಿದ್ದ ಭದ್ರತೆ ಆಣೆ. ದೇವರ ಮುಂದೆ ಪ್ರಮಾಣ ಮಾಡಿದವನ ಮಾತನ್ನು ಎದುರಾಳಿಯೂ ಒಪ್ಪಬೇಕಿತ್ತು. ಈ ನಂಬಿಕೆಗೆ ಭಾರತದ ಕಾನೂನೂ ಒಮ್ಮೆ ಸ್ಥಾನ ಕೊಟ್ಟಿತ್ತು. 1873ರ ಪ್ರಮಾಣ ಕಾಯಿದೆಯಂತೆ ಒಬ್ಬ ಕಕ್ಷಿದಾರನು ತನ್ನ ಎದುರಾಳಿಯ ವಿಶೇಷ ಪ್ರಮಾಣಕ್ಕೆ ಬದ್ಧನಾಗುವೆನೆಂದು ಒಪ್ಪಬಹುದಿತ್ತು. ಎದುರಾಳಿಯು ಹಾಗೆ ಪ್ರಮಾಣ ಮಾಡಿ ನುಡಿದುದು ಒಪ್ಪಿದವನ ವಿರುದ್ಧ ನಿರ್ಣಾಯಕ ಸಾಕ್ಷ್ಯವಾಗುತ್ತಿತ್ತು. 1969ರ ಹೊಸ ಕಾಯಿದೆ ಈ ಅವಕಾಶವನ್ನು ಕೈಬಿಟ್ಟಿತು. ಆಣೆಯ ಜಾಗಕ್ಕೆ ಕಾಗದ ಬಂತು.

ಆದರೆ ವ್ಯವಹಾರದ ರೂಢಿ ಅಷ್ಟು ಬೇಗ ಬದಲಾಗಲಿಲ್ಲ. ಬಣ್ಣ ಬಳಿಯುವ, ಶೆಡ್ಡು ಕಟ್ಟುವ, ಯಂತ್ರ ದುರಸ್ತಿಯ ಸಣ್ಣ ಗುತ್ತಿಗೆಗಳು ಈಗಲೂ ಪರಿಚಯದ ಮೇಲೆ ಕುದುರುತ್ತವೆ. ಬಾಕಿ ಕೇಳಿದರೆ ವಾಯಿದೆ ಜಾತ್ರೆಗೋ ಸುಗ್ಗಿಗೋ ಮುಂದಕ್ಕೆ ಹೋಗುತ್ತದೆ. ಕಾನೂನಿನ ಕಾಲ ಮಾತ್ರ ಜಾತ್ರೆಯನ್ನು ಕಾಯುವುದಿಲ್ಲ. 1963ರ ಕಾಲಮಿತಿ ಕಾಯಿದೆಯಂತೆ, ಹಣ ಕೊಡುವ ದಿನ ಗೊತ್ತುಮಾಡದಿದ್ದರೆ ಕೆಲಸ ಮುಗಿದಂದಿನಿಂದ 3 ವರ್ಷಗಳೊಳಗೆ ದಾವೆ ಹೂಡಬೇಕು. ಅವಧಿ ತೀರುವ ಮುನ್ನ ಬಾಕಿದಾರನು ಬಾಕಿಯನ್ನು ಬರಹದಲ್ಲಿ ಒಪ್ಪಿ ಸಹಿ ಮಾಡಿದರೆ ಹೊಸ ಅವಧಿ ಆರಂಭವಾಗುತ್ತದೆ. ಬರಿಯ ಬಾಯಿಮಾತಿಗೆ ಆ ಬಲವಿಲ್ಲ. 1872ರ ಕರಾರು ಕಾಯಿದೆ ಬಾಯಿಮಾತಿನ ಒಪ್ಪಂದವನ್ನು ತಳ್ಳಿಹಾಕುವುದಿಲ್ಲ. ಪುಕ್ಕಟೆಯಾಗಿ ಮಾಡುವ ಉದ್ದೇಶವಿಲ್ಲದೆ ನ್ಯಾಯವಾಗಿ ಮಾಡಿದ ಕೆಲಸದ ಫಲವನ್ನು ಉಂಡವನು ಪರಿಹಾರ ಕೊಡಬೇಕೆಂದು ಅದರ 70ನೆಯ ಕಲಮು ಹೇಳುತ್ತದೆ. ತೊಡಕಿರುವುದು ರುಜುವಾತಿನಲ್ಲಿ.

‘ಗೆದ್ದವ ಸೋತ, ಸೋತವ ಸತ್ತ’ ಎಂಬ ಗಾದೆ ನ್ಯಾಯಾಲಯದ ಬಗೆಗಿನ ಜನಪದರ ಅಂಜಿಕೆಯನ್ನು ಹೇಳುತ್ತದೆ. ವೆಚ್ಚ, ವಿಳಂಬಗಳ ಜೊತೆಗೆ ಸಣ್ಣ ಗುತ್ತಿಗೆದಾರನಿಗೆ ಇನ್ನೊಂದು ಭಯವಿದೆ: ದಾವೆ ಹೂಡಿದರೆ ಮುಂದಿನ ಕೆಲಸ ಸಿಗಲಾರದು. ಅವನ ಮೌನದಿಂದ ಲಾಭವಾಗುವುದು ಬಾಕಿ ಉಳಿಸಿಕೊಂಡವನಿಗೆ. ಸರಕು ಅಥವಾ ಸೇವೆ ಒದಗಿಸುವ ಸಣ್ಣ ಉದ್ಯಮಗಳಿಗೆ, ಒಪ್ಪಂದವಿದ್ದರೂ 45 ದಿನ ಮೀರದಂತೆ ಹಣ ಸಲ್ಲಬೇಕೆಂದು 2006ರ ಕಾಯಿದೆ ವಿಧಿಸಿದ್ದು ಇಂಥ ಅಸಮಾನತೆಯನ್ನು ಕಂಡೇ. 2015ರ ವಾಣಿಜ್ಯ ನ್ಯಾಯಾಲಯಗಳ ಕಾಯಿದೆಗೆ 2018ರಲ್ಲಿ ಆದ ತಿದ್ದುಪಡಿಯು 3 ಲಕ್ಷ ರೂಪಾಯಿ ಹಾಗೂ ಅದಕ್ಕೆ ಮೇಲ್ಪಟ್ಟ ವಾಣಿಜ್ಯ ವ್ಯಾಜ್ಯಗಳನ್ನು ಅದರ ವ್ಯಾಪ್ತಿಗೆ ತಂದಿತು. ತುರ್ತು ಪರಿಹಾರ ಬೇಡದ ಪ್ರಕರಣಗಳಲ್ಲಿ ದಾವೆಗೆ ಮುನ್ನ ಮಧ್ಯಸ್ಥಿಕೆಯನ್ನು ಕಡ್ಡಾಯಗೊಳಿಸಿತು.

ಇದನ್ನು ನ್ಯಾಯಕಟ್ಟೆಯ ಮರುಹುಟ್ಟು ಎಂದು ಕೊಂಡಾಡುವ ಮುನ್ನ ಎಚ್ಚರ ಬೇಕು. ಹಳೆಯ ಕಟ್ಟೆಯಲ್ಲಿ ಜಾತಿ, ಅಂತಸ್ತುಗಳು ಕೂರುವ ಜಾಗವನ್ನೂ ಮಾತಿನ ತೂಕವನ್ನೂ ನಿರ್ಧರಿಸುತ್ತಿದ್ದವು. ಇಬ್ಬರನ್ನೂ ಸಮಾನವಾಗಿ ಕೂರಿಸಿ, ಒಪ್ಪಂದವನ್ನು ಬರಹಕ್ಕಿಳಿಸಿದಾಗ ಮಾತ್ರ ಮಧ್ಯಸ್ಥಿಕೆ ನ್ಯಾಯವಾದೀತು. ಕೊಟ್ಟ ಮಾತಿಗೆ ಒಂದು ಚೀಟಿ ಬರೆಸಿಕೊಳ್ಳುವುದು ಅಪನಂಬಿಕೆಯೆಂಬ ಭಾವನೆ ನಮ್ಮಲ್ಲಿ ಇನ್ನೂ ಬಲವಾಗಿದೆ. ಇದೇ ಸೀಮೆಯ ರೂವಾರಿಗಳು ತಮ್ಮ ಕೆಲಸದ ಕೆಳಗೆ ಹೆಸರು ಕೊರೆಯಲು ಸಂಕೋಚಪಡಲಿಲ್ಲವೆಂಬುದನ್ನು ಮರೆಯುವಂತಿಲ್ಲ.