ಜಾತಿ ಪ್ರಮಾಣಪತ್ರ: ಒಂದು ಪದದ ಸುತ್ತ ನಡೆದ ವ್ಯಾಜ್ಯಗಳು

ಶಾಲೆಯ ದಾಖಲಾತಿ ವಹಿಯಲ್ಲಿ ಜಾತಿಗೆಂದು ಒಂದು ಅಂಕಣವಿರುತ್ತದೆ. ಜೂನ್ ತಿಂಗಳ ಗಡಿಬಿಡಿಯಲ್ಲಿ ಮಗುವಿನ ತಂದೆ ಹೇಳಿದ್ದನ್ನು ಕೇಳಿ ಅಲ್ಲಿ ಬರೆಯುವ ಒಂದೆರಡು ಪದಗಳು ಐವತ್ತು ವರ್ಷಗಳ ನಂತರ ನ್ಯಾಯಾಲಯದಲ್ಲಿ ಸಾಕ್ಷಿ ನುಡಿಯಬಲ್ಲವೆಂಬುದು ಹಳ್ಳಿಯ ಉಪಾಧ್ಯಾಯರಲ್ಲಿ ಅನೇಕರಿಗೆ ಹೊಳೆದಿರಲಾರದು. ಜಾತಿ ಪ್ರಮಾಣಪತ್ರ ರದ್ದಾದವರು ಹೂಡಿದ ಮೊಕದ್ದಮೆಗಳ ಚರಿತ್ರೆಯನ್ನು ಓದುತ್ತ ಹೋದರೆ ಈ ವಹಿಯೇ ಮತ್ತೆ ಮತ್ತೆ ಎದುರಾಗುತ್ತದೆ.

ಸಂವಿಧಾನದ 341 ಮತ್ತು 342ನೆಯ ವಿಧಿಗಳ ಅನ್ವಯ ಪರಿಶಿಷ್ಟ ಜಾತಿ, ಪಂಗಡಗಳ ಪಟ್ಟಿಗಳನ್ನು ರಾಷ್ಟ್ರಪತಿಗಳು 1950ರಲ್ಲಿ ಹೊರಡಿಸಿದರು. ಒಮ್ಮೆ ಪ್ರಕಟವಾದ ಪಟ್ಟಿಗೆ ಒಂದು ಹೆಸರನ್ನು ಸೇರಿಸುವ, ತೆಗೆಯುವ ಅಧಿಕಾರ ಸಂಸತ್ತಿಗೆ ಮಾತ್ರ ಉಂಟು. ಆದರೆ ನಮ್ಮ ನಾಡಿನಲ್ಲಿ ಜಾತಿಯ ಹೆಸರುಗಳು ಹೋಬಳಿಗೊಂದು ಬಗೆ. ತೊಡಕು ಹುಟ್ಟಿದ್ದೇ ಇಲ್ಲಿ.

ಮೊದಲ ದೊಡ್ಡ ವ್ಯಾಜ್ಯ ನಮ್ಮ ಬೆಂಗಳೂರಿನದೇ. 1962ರ ಚುನಾವಣೆಯಲ್ಲಿ ಬೆಂಗಳೂರು ದಕ್ಷಿಣ ಮೀಸಲು ಕ್ಷೇತ್ರದಿಂದ ಡಿ. ಮುನಿಚಿನ್ನಪ್ಪನವರು ಗೆದ್ದರು. ಸೋತವರು ಬಿ. ಬಸವಲಿಂಗಪ್ಪನವರು, ಮುಂದೆ ಅರಸು ಅವರ ಸಂಪುಟದಲ್ಲಿ ಸಚಿವರಾಗಿ, 1973ರ 'ಬೂಸಾ' ಪ್ರಕರಣದಿಂದ ನಾಡಿಗೆಲ್ಲ ಪರಿಚಿತರಾದವರು ಇವರೇ. ಗೆದ್ದವರು ವೊಡ್ಡರು, ಪಟ್ಟಿಯಲ್ಲಿರುವುದು 'ಭೋವಿ', ಆದ್ದರಿಂದ ಆಯ್ಕೆ ಅಸಿಂಧು ಎಂಬುದು ಅವರ ವಾದ. ವಿಚಾರಣೆಯಲ್ಲಿ ಹಿಂದಿನ ಸಂಗತಿ ಹೊರಬಂತು. ಮೈಸೂರು ಸಂಸ್ಥಾನದಲ್ಲಿ ಆ ಜನಾಂಗದವರೇ ಸಮಾವೇಶ ಸೇರಿ ಹಳೆಯ ಹೆಸರನ್ನು ಬಿಟ್ಟು 'ಬೋಯಿ' ಎಂದು ಕರೆಸಿಕೊಳ್ಳಲು ನಿರ್ಧರಿಸಿದ್ದರು. ಸರ್ಕಾರವೂ 1946ರಲ್ಲಿ ಅದಕ್ಕೆ ಆದೇಶದ ಮುದ್ರೆ ಒತ್ತಿತ್ತು. ಪಟ್ಟಿಯ 'ಭೋವಿ' ಎಂಬ ಪದ ಹಳೆಯ ಮೈಸೂರಿನಲ್ಲಿ ಇನ್ನಾರನ್ನೂ ಸೂಚಿಸಲಾರದೆಂದು ಸರ್ವೋಚ್ಚ ನ್ಯಾಯಾಲಯವು 1964ರಲ್ಲಿ ಒಪ್ಪಿ, ಆಯ್ಕೆಯನ್ನು ಎತ್ತಿಹಿಡಿಯಿತು. ಕೆರೆ ಅಗೆದು, ಕಲ್ಲು ಒಡೆದು ನಾಡನ್ನು ಕಟ್ಟಿದ ಜನ ತಾವು ಆರಿಸಿಕೊಂಡ ಹೆಸರಿಗೆ ದೊರೆತ ಮನ್ನಣೆಯಿದು ಎಂದು ನಾನು ಭಾವಿಸುತ್ತೇನೆ.

ಆದರೆ ಈ ತೀರ್ಪನ್ನು ಹಿಡಿದು 'ನಾವೂ ಅವರೇ' ಎನ್ನುವವರ ಸಾಲು ಬೆಳೆಯಿತು. ಮಹಾರಾಷ್ಟ್ರದ ಮಾಧುರಿ ಪಾಟೀಲ್ ಪ್ರಕರಣದಲ್ಲಿ ಇಬ್ಬರು ಸಹೋದರಿಯರು ಮಹಾದೇವ ಕೋಲಿ ಬುಡಕಟ್ಟಿನವರೆಂದು ವೃತ್ತಿಶಿಕ್ಷಣದ ಸೀಟು ಪಡೆದಿದ್ದರು. ತಂದೆಯ ಹಳೆಯ ಶಾಲಾ ದಾಖಲೆ 'ಹಿಂದೂ ಕೋಲಿ' ಎನ್ನುತ್ತಿತ್ತು. ಸಂವಿಧಾನಕ್ಕೆ ಮುಂಚಿನ ಶಾಲಾ ದಾಖಲೆಗಳಿಗೆ ಹೆಚ್ಚಿನ ಸಾಕ್ಷ್ಯಬಲವಿದೆಯೆಂದು 1994ರ ತೀರ್ಪು ಸಾರಿತು. ಪರಿಶೀಲನಾ ಸಮಿತಿ, ಸ್ಥಳ ತನಿಖೆ, ಕಾರಣ ಕೇಳುವ ನೋಟಿಸು, ಅಹವಾಲು ಹೇಳಿಕೊಳ್ಳುವ ಅವಕಾಶ ಇವೆಲ್ಲ ದೇಶಕ್ಕೆ ದೊರೆತದ್ದು ಆ ತೀರ್ಪಿನಿಂದ. ಅಲ್ಲಿಂದೀಚೆಗೆ ಪ್ರಮಾಣಪತ್ರ ರದ್ದಾದವರು ಉಚ್ಚ ನ್ಯಾಯಾಲಯದಲ್ಲಿ ಬಹುಮಟ್ಟಿಗೆ ಎತ್ತುವ ಆಕ್ಷೇಪಗಳು ಎರಡು: ತನಿಖಾ ವರದಿಯ ಪ್ರತಿಯನ್ನು ನಮಗೆ ಕೊಡಲಿಲ್ಲ, ನಮ್ಮ ಮಾತನ್ನು ಕೇಳಲಿಲ್ಲ.

2000ದಲ್ಲಿ ಮಿಲಿಂದ್ ಪ್ರಕರಣದ ಐವರ ಪೀಠವು, ಪಟ್ಟಿಯನ್ನು ಇದ್ದಂತೆಯೇ ಓದಬೇಕು, ಹಲ್ಬಾ ಎಂದಿದ್ದರೆ ಹಲ್ಬಾ-ಕೋಷ್ಟಿಯನ್ನು ಅದರಲ್ಲಿ ಸೇರಿಸಿ ಓದಲಾಗದು ಎಂದಿತು. ಆದರೂ ಆ ವಿದ್ಯಾರ್ಥಿಯ ವೈದ್ಯಪದವಿಯನ್ನು ಕಿತ್ತುಕೊಳ್ಳಲಿಲ್ಲ. ಆತನ ಓದಿಗೆ ಸಾರ್ವಜನಿಕ ಹಣ ಆಗಲೇ ವ್ಯಯವಾಗಿತ್ತು. ಈ ಕರುಣೆಯೇ ಮುಂದೆ ವಾದದ ಅಸ್ತ್ರವಾಯಿತು. 2017ರಲ್ಲಿ ಭಾರತೀಯ ಆಹಾರ ನಿಗಮದ ಪ್ರಕರಣದಲ್ಲಿ ನ್ಯಾಯಾಲಯ ಬಾಗಿಲು ಮುಚ್ಚಿತು: ದುರುದ್ದೇಶವಿರಲಿ ಇಲ್ಲದಿರಲಿ, ಸಲ್ಲದ ಪತ್ರದಿಂದ ಪಡೆದದ್ದು ಉಳಿಯದು. ಕಠಿಣವೆನಿಸಬಹುದು. ಆದರೆ ಸೀಟು ತಪ್ಪಿದ ಕಾಡಂಚಿನ ಹಾಡಿಯ ಮಗು ಯಾವ ನ್ಯಾಯಾಲಯದಲ್ಲೂ ವಾದಿಯಾಗಿ ನಿಂತದ್ದಿಲ್ಲ. ಅದರ ಪರವಾಗಿ ಯಾರಾದರೂ ಕಠಿಣವಾಗಲೇಬೇಕು.

ಮೋಸಕ್ಕೂ ಗೊಂದಲಕ್ಕೂ ಅಂತರವಿದೆಯೆನ್ನುವುದಕ್ಕೆ ಕರ್ನಾಟಕದ್ದೇ ಇನ್ನೊಂದು ನಿದರ್ಶನ. ಪರಿಶಿಷ್ಟ ಜಾತಿಗಳ ಪಟ್ಟಿಯಲ್ಲಿ 'ಕೋಟೆಗಾರ್ ಮಾತ್ರಿ' ಎಂದಿದೆ. 1970ರ ದಶಕದ ರಾಜ್ಯ ಸರ್ಕಾರದ ಸುತ್ತೋಲೆಗಳು 'ಕೋಟೆಗಾರ' ಮೊದಲಾದ ಹೆಸರುಗಳನ್ನು ಪಟ್ಟಿಯ ಹೆಸರುಗಳಿಗೆ ಪರ್ಯಾಯವೆಂದು ಸಾರಿದವು. ಸುತ್ತೋಲೆಯನ್ನು ನಂಬಿ ತಹಶೀಲ್ದಾರರು ಪತ್ರ ಕೊಟ್ಟರು, ಪತ್ರವನ್ನು ನಂಬಿ ಬ್ಯಾಂಕುಗಳು ಕೆಲಸ ಕೊಟ್ಟವು. 2002ರಲ್ಲಿ ಸರ್ಕಾರ ಆ ಸುತ್ತೋಲೆಗಳನ್ನು ಹಿಂತೆಗೆದುಕೊಂಡಿತು. 2003ರಲ್ಲಿ, ಆಗಲೇ ನೇಮಕಗೊಂಡಿದ್ದವರಿಗೆ ರಕ್ಷಣೆಯ ಮತ್ತೊಂದು ಸುತ್ತೋಲೆ ಹೊರಡಿಸಿತು. ಆದರೂ ಬ್ಯಾಂಕುಗಳಿಂದ ನೋಟಿಸುಗಳು ಬಂದವು. ಜೀವಮಾನವಿಡೀ ದುಡಿದವರಿಗೆ ಪಿಂಚಣಿಯ ಹೊಸ್ತಿಲಲ್ಲಿ ಇಂಥ ಕಾಗದ ಬಂದರೆ ಮನೆಯಲ್ಲಿ ಆ ರಾತ್ರಿ ಹೇಗೆ ಕಳೆದೀತು, ಓದುಗರೇ ಊಹಿಸಿ.

ಕೆನರಾ ಬ್ಯಾಂಕಿನ ವಿರುದ್ಧದ ಮೇಲ್ಮನವಿಯಲ್ಲಿ ಸರ್ವೋಚ್ಚ ನ್ಯಾಯಾಲಯ 2024ರ ಆಗಸ್ಟ್ 28ರಂದು ತೀರ್ಪಿತ್ತಿತು. ಪಟ್ಟಿಯನ್ನು ಹಿಗ್ಗಿಸಲು ರಾಜ್ಯಕ್ಕೆ ಅಧಿಕಾರವಿರಲಿಲ್ಲ; ಆದರೆ 2003ರ ಸುತ್ತೋಲೆಯ ರಕ್ಷಣೆ ಈ ನೌಕರರಿಗೆ ಸಲ್ಲುತ್ತದೆ. ನೋಟಿಸುಗಳು ರದ್ದಾದವು. ಅವರು ಇನ್ನು ಮುಂದೆ ಸಾಮಾನ್ಯ ವರ್ಗದ ನೌಕರರಾಗಿ ಮುಂದುವರಿಯತಕ್ಕದ್ದು, ಮೀಸಲಾತಿಯ ಬಡ್ತಿಯನ್ನು ಕೇಳತಕ್ಕದ್ದಲ್ಲ ಎಂದಾಯಿತು.